ಪಕ್ಕವಾದ್ಯ ಬೇಡದ ಕಂಠ

ಅಮೆರಿಕದ ಯೇಲ್ ವಿಶ್ವವಿದ್ಯಾಲಯದ ವಿಫೆನ್‌ಪೂಫ್ಸ್ ತಂಡ 1909ರಿಂದ ವಾದ್ಯಗಳಿಲ್ಲದೆ ಹಾಡುತ್ತ ಬಂದಿದೆ. ವರ್ಷ ವರ್ಷವೂ ಹಾಡುಗಾರರು ಬದಲಾಗುತ್ತಾರೆ, ಹೆಸರು ಉಳಿಯುತ್ತದೆ. ಶಿವಮೊಗ್ಗದವರಿಗೆ ಬರೀ ಕಂಠದ ಕಲೆ ಹೊಸತೇನಲ್ಲ. ಊರ ಮಗ್ಗುಲಲ್ಲೇ, ತುಂಗೆಯ ಆಚೀಚೆ ದಡದ ಮತ್ತೂರು–ಹೊಸಹಳ್ಳಿಗಳಲ್ಲಿ ಕಾವ್ಯವನ್ನು ರಾಗವಾಗಿ ಓದುವ ಗಮಕವಿದೆ. ಅಲ್ಲಿ ಹಲವು ದನಿಗಳ ಮೇಳವಿಲ್ಲ. ಓದಲು ಒಬ್ಬರು, ಅರ್ಥ ಹೇಳಲು ಇನ್ನೊಬ್ಬರು, ಹಿಂದೆ ಶ್ರುತಿಯೊಂದೇ.

ಹೊಸಹಳ್ಳಿಯ ಎಚ್.ಆರ್. ಕೇಶವಮೂರ್ತಿಗಳ ವಾಚನ, ಮತ್ತೂರು ಕೃಷ್ಣಮೂರ್ತಿಗಳ ವ್ಯಾಖ್ಯಾನ ಎಂದರೆ ಕುಮಾರವ್ಯಾಸ ಭಾರತಕ್ಕೆ ಜನ ಕಾದು ಕೂರುತ್ತಿದ್ದರು. ಇಬ್ಬರಿಗೂ ಪದ್ಮಶ್ರೀ ಬಂತು. ಕೃಷ್ಣಮೂರ್ತಿಗಳಿಗೆ 2009ರಲ್ಲಿ, ಕೇಶವಮೂರ್ತಿಗಳಿಗೆ 2022ರಲ್ಲಿ. ಗಮಕಕ್ಕೆ ಇಷ್ಟು ತಡವಾಗಿ ಯಾಕೋ!

ಕಷ್ಟ ಎಲ್ಲಿದೆ ನೋಡಿ. ಕುಮಾರವ್ಯಾಸನ ಭಾಮಿನಿ ಷಟ್ಪದಿಯ ಒಂದು ಪದ್ಯದಲ್ಲಿ 102 ಮಾತ್ರೆ. ಮೂರು–ನಾಲ್ಕರ ಗಣಗಳ ಓಟಕ್ಕೆ ಸೋತು ಓದಿದರೆ ಮಗ್ಗಿ ಒಪ್ಪಿಸಿದಂತಾಗುತ್ತದೆ. ಕವಿ ಒಂದು ಪದವನ್ನು ಗಣದ ನಡುವೆ ಮುರಿದು, ಕೆಲವೊಮ್ಮೆ ಮುಂದಿನ ಸಾಲಿಗೇ ದಾಟಿಸಿರುತ್ತಾನೆ. ಗಮಕಿ ಅದನ್ನು ಅರ್ಥ ನೋಡಿ ಕೂಡಿಸಬೇಕು, ಉಸಿರು ಅಲ್ಲೇ ಹಿಡಿಯಬೇಕು, ಛಂದಸ್ಸೂ ಕೆಡಬಾರದು. ತಾಳದ ಆಸರೆಯಿಲ್ಲ. ರೋಷಕ್ಕೆ ಅಠಾಣ, ಶೋಕಕ್ಕೆ ಮುಖಾರಿ ಎಂದು ರಾಗ ಹಿಡಿದರೂ ಆಲಾಪನೆ ಉದ್ದವಾಗಿ ಸಾಹಿತ್ಯ ಮುಳುಗಿತೋ, ಅದು ಕಚೇರಿಯಾಯಿತು, ಗಮಕವಾಗಲಿಲ್ಲ. ನನಗಂತೂ ಕೇಶವಮೂರ್ತಿಗಳ ಸಂಯಮವೇ ಅವರ ಕಂಠಕ್ಕಿಂತ ದೊಡ್ಡದು.

ಅವರು 2022ರ ಡಿಸೆಂಬರ್‌ನಲ್ಲಿ ತೀರಿಕೊಂಡರು. ಅವರ ಧ್ವನಿಮುದ್ರಣಗಳಿವೆ. ಕೇಳುವಾಗ ಪದ್ಯದ ಪುಸ್ತಕ ಎದುರಿಟ್ಟುಕೊಳ್ಳಿ. ಸಾಲು ಮುರಿದ ಕಡೆ ಅವರು ಎಲ್ಲಿ ನಿಲ್ಲುತ್ತಾರೆಂದು ಗಮನಿಸಿ.