ಶೂಜಿ ತೆರಯಾಮನ ಚಲನಚಿತ್ರಗಳು: ಜನಪದ ನಂಬಿಕೆ ಮತ್ತು ತಿದ್ದಿ ಬರೆದ ಸ್ಮೃತಿ

ಪ್ರಯೋಗಶೀಲ ಚಲನಚಿತ್ರವನ್ನು ನಗರಕೇಂದ್ರಿತ ಆಧುನಿಕತೆಯ ಫಲವೆಂದಷ್ಟೇ ಕಾಣುವ ವಿಮರ್ಶೆಗೆ ಜಪಾನಿನ ಶೂಜಿ ತೆರಯಾಮ (1935-1983) ಸುಲಭವಾಗಿ ದಕ್ಕುವುದಿಲ್ಲ. ಹೊನ್ಶು ದ್ವೀಪದ ಉತ್ತರದ ತುದಿಯಲ್ಲಿರುವ ಅಓಮೊರಿ ಪ್ರಾಂತ್ಯದ ಈತ ಮೊದಲು ಹೆಸರಾದದ್ದು ಸಾಂಪ್ರದಾಯಿಕ ಕಿರುಪದ್ಯವಾದ ತಾಂಕಾದ ಕವಿಯಾಗಿ. 1967ರಲ್ಲಿ ಟೋಕಿಯೊದಲ್ಲಿ ‘ತೆಂಜೊ ಸಜಿಕಿ’ ನಾಟಕ ತಂಡವನ್ನು ಕಟ್ಟಿದಾಗ, ಜಾತ್ರೆಯ ವಿಚಿತ್ರ ಪ್ರದರ್ಶನಗಳಿಗೆ ಹಿಂದಿನ ಮನ್ನಣೆಯನ್ನು ಮರಳಿ ದೊರಕಿಸುವುದೇ ತನ್ನ ಗುರಿಯೆಂದು ಆತ ಸಾರಿದ. ದೊಡ್ಡ ಸ್ಟುಡಿಯೋಗಳ ಹೊರಗೆ, ಆರ್ಟ್ ಥಿಯೇಟರ್ ಗಿಲ್ಡ್‌ನ ಸಹಭಾಗಿತ್ವದಲ್ಲಿ ರೂಪುಗೊಂಡ ಆತನ ಮುಖ್ಯ ಚಿತ್ರಗಳು ಈ ರಂಗಪ್ರಯೋಗಗಳ ಮುಂದುವರಿಕೆಯೇ ಆಗಿವೆ.

ಇವುಗಳಲ್ಲಿ 1974ರ ‘ದೆನ್‌ಎನ್ ನಿ ಶಿಸು’ ಜಾನಪದ ಅಧ್ಯಯನದ ದೃಷ್ಟಿಯಿಂದ ವಿಶೇಷ ಗಮನಕ್ಕೆ ಅರ್ಹವಾದುದು. 1965ರಲ್ಲಿ ಪ್ರಕಟವಾದ ಆತನ ತಾಂಕಾ ಸಂಕಲನಕ್ಕೂ ಇದೇ ಹೆಸರು. ಚಿತ್ರ ಸ್ಮಶಾನದಲ್ಲಿ ನಡೆಯುವ ಕಣ್ಣಾಮುಚ್ಚಾಲೆಯಿಂದ ತೊಡಗುತ್ತದೆ. ಕಣ್ಣು ಮುಚ್ಚಿಕೊಂಡಿದ್ದ ಮಗು ಕಣ್ಣು ತೆರೆಯುವಷ್ಟರಲ್ಲಿ ಅಡಗಿದ್ದವರು ದೊಡ್ಡವರಾಗಿ ಗೋರಿಗಳ ಹಿಂದಿನಿಂದ ಹೊರಬರುತ್ತಾರೆ. ಮುಂದೆ ಹದಿಹರೆಯದ ಹುಡುಗನೊಬ್ಬ ತನ್ನ ಸತ್ತ ತಂದೆಯೊಡನೆ ಮಾತನಾಡಲು ಒಸೊರೆ ಬೆಟ್ಟಕ್ಕೆ ಹೋಗುತ್ತಾನೆ. ಈ ಬೆಟ್ಟದ ಜಾತ್ರೆಗೆ ಬರುವ ‘ಇತಾಕೊ’ ಸ್ತ್ರೀಯರು ಪರಂಪರೆಯಿಂದ ಅಂಧರು. ಎಳವೆಯಲ್ಲಿಯೇ ಗುರುವಿನ ಬಳಿ ಮಂತ್ರಪಾಠ ಕಲಿತವರು. ಸತ್ತವರು ಅವರ ಬಾಯಿಂದ ‘ನಾನು’ ಎಂದೇ ಮಾತನಾಡುತ್ತಾರೆ.

ತೆರಯಾಮ ಎರವಲು ಪಡೆದದ್ದು ಈ ‘ನಾನು’ವನ್ನು. ಚಿತ್ರದ ನಡುವೆ ಕಥೆ ತಟಕ್ಕನೆ ನಿಲ್ಲುತ್ತದೆ. ಅಲ್ಲಿಯವರೆಗೆ ಕಂಡದ್ದು ನಿರ್ದೇಶಕನೊಬ್ಬ ತನ್ನ ಬಾಲ್ಯದ ಬಗ್ಗೆ ತೆಗೆಯುತ್ತಿರುವ ಚಿತ್ರವೆಂದೂ, ಅದರಲ್ಲಿ ಸುಳ್ಳು ಬೆರೆತಿದೆಯೆಂದೂ ಆಗ ತಿಳಿಯುತ್ತದೆ. ನಿರ್ದೇಶಕ ಹಳೆಯ ತನ್ನನ್ನೇ ಭೇಟಿಯಾಗಿ, ತಾಯಿಯನ್ನು ಇಲ್ಲವಾಗಿಸಿ ಗತವನ್ನು ತಿದ್ದಲು ಹೊರಡುತ್ತಾನೆ. ಅದು ಆಗುವುದಿಲ್ಲ. ಕೊನೆಗೆ ತಾಯಿಯೆದುರು ಊಟಕ್ಕೆ ಕೂತಿರುವಾಗ ಮನೆಯ ಗೋಡೆಗಳು ಕಳಚಿ ಬೀಳುತ್ತವೆ. ಸುತ್ತ ಕಾಣುವುದು ಟೋಕಿಯೊದ ಶಿಂಜುಕು ಬೀದಿಯ ಜನಜಂಗುಳಿ. ಆ ಗದ್ದಲದ ನಡುವೆಯೂ ಊಟ ನಿಲ್ಲುವುದಿಲ್ಲ.

ತೆರಯಾಮನ ತಂದೆ 1945ರಲ್ಲಿ ಸೆಲೆಬೆಸ್ ದ್ವೀಪದಲ್ಲಿ ತೀರಿಕೊಂಡದ್ದು ನಿಜ. ಆದರೆ ಪದ್ಯಗಳಲ್ಲಿ ಸತ್ತವಳಾಗಿ ಬರುವ ತಾಯಿ ಆಗ ಬದುಕಿದ್ದಳು. ಮಗನ ಅನಂತರವೂ ಬದುಕಿದಳು. ಆದುದರಿಂದ ಈ ಚಿತ್ರವನ್ನು ಅಓಮೊರಿಯ ನಂಬಿಕೆಗಳ ದಾಖಲೆಯೆಂದು ಓದುವವರು ಎಡವುತ್ತಾರೆ. ಇಲ್ಲಿಯ ವಕ್ತೃ ಬೇಕೆಂದೇ ಸುಳ್ಳು ಹೇಳುವವನು. ಆ ಸುಳ್ಳಿನ ಸಾಮಗ್ರಿ ಮಾತ್ರ ಅಪ್ಪಟ ಜನಪದದ್ದು. ಇಷ್ಟು ಒಪ್ಪಿದ ಮೇಲೂ ಒಂದು ಆಕ್ಷೇಪ ಉಳಿಯುತ್ತದೆ. ಕಣ್ಣಿಲ್ಲದ ಹೆಣ್ಣುಮಕ್ಕಳಿಗೆ ಇತಾಕೊ ವೃತ್ತಿ ಹೊಟ್ಟೆಪಾಡೂ ಆಗಿತ್ತು. ಚಿತ್ರದಲ್ಲಿ ಆ ಬದುಕಿನ ಸುಳಿವಿಲ್ಲ. ಅವರು ಹುಡುಗನ ಸಂಕಟಕ್ಕೆ ಒದಗುವ ಮುಖವಾಡಗಳಾಗಿ ಮಾತ್ರ ಉಳಿಯುತ್ತಾರೆ. ಜಾತ್ರೆಯ ಪ್ರದರ್ಶನದ ಪರವಾಗಿ ವಾದಿಸಿದವನು ಪ್ರದರ್ಶಿತರ ಪಾಡನ್ನು ಬದಿಗಿರಿಸಿದ್ದು ಸಣ್ಣ ಲೋಪವಲ್ಲ.

ಅದೇ 1974ರ ಕಿರುಚಿತ್ರ ‘ರೋರಾ’ ಈ ದೃಷ್ಟಿಯಿಂದ ಹೆಚ್ಚು ಪ್ರಾಮಾಣಿಕವಾದುದು. ಅದರಲ್ಲಿ ಪ್ರದರ್ಶನಕ್ಕೆ ಈಡಾಗುವವನು ಪ್ರೇಕ್ಷಕನೇ. ಪರದೆಯ ಮೇಲಿನ ಸ್ತ್ರೀಯರು ಸಭಿಕರನ್ನು ಹಂಗಿಸುತ್ತಾರೆ; ಸಭೆಯಲ್ಲಿದ್ದ ಒಬ್ಬ ಎದ್ದು, ಸೀಳಿದ ಪರದೆಯೊಳಗೆ ನುಗ್ಗಿ ಚಿತ್ರದಲ್ಲಿ ಕಾಣಿಸಿಕೊಳ್ಳುತ್ತಾನೆ. ಆ ಸ್ತ್ರೀಯರು ಅವನ ಬಟ್ಟೆ ಕಳಚಿ ಹೊರಗೆಸೆಯುತ್ತಾರೆ. ಇದಕ್ಕೆ ಪ್ರತಿಬಾರಿಯೂ ಸಭಾಂಗಣದಲ್ಲಿ ಜೀವಂತ ನಟನೊಬ್ಬ ಬೇಕು. ತಾಯಿ ದೂರದೂರಿಗೆ ದುಡಿಯಲು ಹೋದ ಮೇಲೆ ತೆರಯಾಮ ಬೆಳೆದದ್ದು ಅಓಮೊರಿ ನಗರದಲ್ಲಿ ಸಿನಿಮಾ ಮಂದಿರ ನಡೆಸುತ್ತಿದ್ದ ಬಂಧುವಿನ ಆಶ್ರಯದಲ್ಲಿ. ಆ ಹುಡುಗನ ವಾಸದ ಕೋಣೆ ಪರದೆಯ ಹಿಂಬದಿಗಿತ್ತು.