ಜಿಲ್ಲೆಯ ಗಡಿ ಮತ್ತು ಪೋಲೀಸರ ಜ್ಯೇಷ್ಠತೆ: ಒಂದು ನ್ಯಾಯತತ್ತ್ವದ ವಿಮರ್ಶೆ

ವರ್ಗಾವಣೆ, ಜ್ಯೇಷ್ಠತೆ, ಬಡ್ತಿ ಎಂಬ ಮೂರನ್ನು ನಮ್ಮ ನ್ಯಾಯಾಲಯಗಳು ಬೇರೆ ಬೇರೆ ತತ್ತ್ವಗಳಿಂದ ಅಳೆಯುತ್ತ ಬಂದಿವೆ. ಆದರೆ ಶಿರಸಿ, ಸಿದ್ದಾಪುರ, ಯಲ್ಲಾಪುರ ತಾಲೂಕುಗಳ ಠಾಣೆಗಳಲ್ಲಿ ದುಡಿಯುವ ಪೇದೆಗೆ ಇವು ಒಂದೇ ಪ್ರಶ್ನೆಯ ಮೂರು ಮುಖಗಳು. ನ್ಯಾಯಾಲಯಗಳು ಮಾಡಿರುವ ಈ ವಿಭಾಗ ಎಲ್ಲಿಯವರೆಗೆ ಸಲ್ಲುತ್ತದೆಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

1956ರ ನವೆಂಬರ್ 1ರಂದು ಉತ್ತರ ಕನ್ನಡವು ಮುಂಬಯಿ ರಾಜ್ಯದಿಂದ ಮೈಸೂರು ರಾಜ್ಯಕ್ಕೆ ಸೇರಿತು. ಮುಂಬಯಿ ಪದ್ಧತಿಯಂತೆ ನೇಮಕಗೊಂಡಿದ್ದ ನೌಕರರೂ ಅದರೊಡನೆ ಬಂದರು. ಕೇಂದ್ರ ಸರ್ಕಾರದ ಪೂರ್ವಾನುಮತಿಯಿಲ್ಲದೆ ಇಂಥವರ ಸೇವಾ ನಿಬಂಧನೆಗಳನ್ನು ಅವರಿಗೆ ಪ್ರತಿಕೂಲವಾಗಿ ಮಾರ್ಪಡಿಸಕೂಡದೆಂದು ರಾಜ್ಯ ಪುನರ್ವಿಂಗಡಣೆಯ ಕಾಯಿದೆಯ 115ನೆಯ ಕಲಮು ವಿಧಿಸಿತ್ತು. ಈ ರಕ್ಷಣೆಯ ವ್ಯಾಪ್ತಿ ಎಷ್ಟೆಂಬುದು 1967ರಲ್ಲಿ, ಮೈಸೂರು ರಾಜ್ಯ ವಿರುದ್ಧ ಪುರೋಹಿತ ಎಂಬ ಮೊಕದ್ದಮೆಯಲ್ಲಿ, ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದಿತು. ಅಲ್ಲಿಯ ನೌಕರರು ಪೋಲೀಸರಲ್ಲ, ನೈರ್ಮಲ್ಯ ನಿರೀಕ್ಷಕರು. ಜಿಲ್ಲಾವಾರು ಇದ್ದ ಜ್ಯೇಷ್ಠತೆಯನ್ನು ರಾಜ್ಯಮಟ್ಟದ್ದನ್ನಾಗಿ ಮಾಡಿದುದರಿಂದ ಅವರು ಪಟ್ಟಿಯಲ್ಲಿ ಬಹಳ ಕೆಳಗಿಳಿದಿದ್ದರು. ಬಡ್ತಿಯ ಸಂಭವವು ಸೇವಾ ನಿಬಂಧನೆಯಲ್ಲವೆಂದು ನ್ಯಾಯಾಲಯ ತೀರ್ಮಾನಿಸಿತು. ಬಡ್ತಿಗೆ ಪರಿಗಣಿತನಾಗುವುದು ಹಕ್ಕು, ಅದು ದೊರೆಯುವ ಸಂಭವ ಹಕ್ಕಲ್ಲ ಎಂಬ ಈ ತತ್ತ್ವ ಸರ್ಕಾರಿ ಸೇವೆಗಳೆಲ್ಲಕ್ಕೂ ಅನ್ವಯಿಸುವಂಥದು.

ತರ್ಕದ ದೃಷ್ಟಿಯಿಂದ ಇದು ನಿರ್ದುಷ್ಟವೇ ಸರಿ. ಪ್ರತಿಯೊಬ್ಬನ ನಿರೀಕ್ಷೆಯೂ ಹಕ್ಕಾಗುವ ಪಕ್ಷದಲ್ಲಿ ಯಾವ ಸಮಾನ ಪಟ್ಟಿಯೂ ಸಿದ್ಧವಾಗಲಾರದು. ಆದರೆ ಪೇದೆಗಳ ಜ್ಯೇಷ್ಠತೆ ಜಿಲ್ಲೆಗೆ ಕಟ್ಟುಬಿದ್ದುದು. 1957ರ ಜ್ಯೇಷ್ಠತಾ ನಿಯಮಗಳ ಮೇರೆಗೆ, ಸ್ವಂತ ಕೋರಿಕೆಯಿಂದ ಬೇರೆ ಪಟ್ಟಿಗೆ ವರ್ಗವಾದವನು ಅಲ್ಲಿಯ ಎಲ್ಲರಿಗಿಂತ ಕೆಳಗೆ ನಿಲ್ಲಬೇಕು. ಇದರ ಪರಿಣಾಮವನ್ನು ನೆಲದ ಮೇಲೆ ನೋಡಬೇಕು. ಸಿದ್ದಾಪುರದಿಂದ ಘಟ್ಟವಿಳಿದು, ನೂರು ಕಿಲೋಮೀಟರಿಗೂ ಮಿಕ್ಕ ದೂರದ ಕಾರವಾರಕ್ಕೆ ಹೋದವನ ಜ್ಯೇಷ್ಠತೆ ಕೂದಲೆಳೆಯಷ್ಟೂ ಕದಲದು. ಅದೇ ಸಿದ್ದಾಪುರದಿಂದ ತಾಳಗುಪ್ಪದ ಮೇಲೆ ಹಾಯ್ದು, ಒಂದು ತಾಸಿನ ದಾರಿಯ ಸಾಗರಕ್ಕೆ ಕೋರಿಕೆಯ ಮೇಲೆ ಹೋದವನು ಶಿವಮೊಗ್ಗ ಜಿಲ್ಲೆಯ ಪಟ್ಟಿಯ ತುದಿಗೆ ಬೀಳುತ್ತಾನೆ. ಹಾಸಿಗೆ ಹಿಡಿದ ತಾಯಿಯೊಬ್ಬಳು ಸಾಗರದಲ್ಲಿದ್ದರೆ, ಹದಿನೈದು ವರ್ಷಗಳ ಸ್ಥಾನವೇ ಮಗನು ತೆರಬೇಕಾದ ಬೆಲೆ.

ಈ ನಿಯಮವನ್ನು ಅನ್ಯಾಯವೆಂದು ಒಮ್ಮೆಲೇ ತಳ್ಳಿಹಾಕುವಂತಿಲ್ಲ. ಹೊರಗಿನಿಂದ ಬಂದವನು ಮೇಲೆ ಕುಳಿತರೆ, ಶಿವಮೊಗ್ಗದಲ್ಲೇ ಸರದಿ ಕಾಯುತ್ತಿದ್ದವನ ಗತಿಯೇನು? ಅವನ ಮನೆಯಲ್ಲಿಯೂ ತಾಯಿಯಿದ್ದಾಳೆ. ಆದುದರಿಂದ ದೋಷವಿರುವುದು ಸ್ಥಾನ ಕಳೆಯುವುದರಲ್ಲಲ್ಲ. ಸ್ಥಾನದೊಡನೆ ಸೇವೆಯನ್ನೂ ಕಳೆದಂತೆ ಭಾವಿಸುವ ಆಡಳಿತದ ಮನೋಭಾವದಲ್ಲಿ. ಕೋರಿಕೆಯ ವರ್ಗಾವಣೆಯಿಂದ ಜ್ಯೇಷ್ಠತೆ ಹೋದರೂ, ಬಡ್ತಿಯ ಅರ್ಹತೆಗೆ ಬೇಕಾದ ಹಿಂದಿನ ಅನುಭವ ಅಳಿದುಹೋಗದೆಂದು ಸರ್ವೋಚ್ಚ ನ್ಯಾಯಾಲಯವು 1998ರ ಜೋಸೆಫ್ ಮೊಕದ್ದಮೆಯಲ್ಲಿ ಸ್ಪಷ್ಟಪಡಿಸಿದೆ. ಈ ವಿವೇಕವು ಮೊದಲನೆಯ ತತ್ತ್ವದಷ್ಟೇ ಮಹತ್ತ್ವದ್ದು.

ವರ್ಗಾವಣೆಯ ವಿಷಯದಲ್ಲಿಯೂ ಇಂಥದೇ ಕೊರತೆಯುಂಟು. ದುರುದ್ದೇಶವಾಗಲಿ ಕಡ್ಡಾಯ ನಿಯಮದ ಉಲ್ಲಂಘನೆಯಾಗಲಿ ಇಲ್ಲದಿದ್ದರೆ ತಾನು ಕೈಹಾಕಲಾರೆನೆಂದು ಅದೇ ನ್ಯಾಯಾಲಯ ಶಿಲ್ಪಿ ಬೋಸ್ ತೀರ್ಪಿನಲ್ಲಿ ಹೇಳಿತು. 2006ರ ಪ್ರಕಾಶ್ ಸಿಂಗ್ ತೀರ್ಪು ಕನಿಷ್ಠ ಎರಡು ವರ್ಷಗಳ ಅವಧಿಯನ್ನು ವಿಧಿಸಿತಾದರೂ, ಅಲ್ಲಿ ಹೆಸರಿಸಿದ್ದು ಮಹಾನಿರ್ದೇಶಕರಿಂದ ಹಿಡಿದು ಠಾಣೆಯ ಮುಖ್ಯಸ್ಥನವರೆಗಿನ ಅಧಿಕಾರಿಗಳನ್ನು. ಠಾಣೆಯ ಫೌಜದಾರನಿಗೆ ನೆರಳು ಕೊಟ್ಟ ಆ ಮರದ ಕೊಂಬೆ ಅವನ ಕೈಕೆಳಗಿನ ಪೇದೆಯವರೆಗೆ ಚಾಚಲಿಲ್ಲ.

ಹಕ್ಕಿಗೂ ಸಂಭವಕ್ಕೂ ಇರುವ ಭೇದವನ್ನು ಒಪ್ಪೋಣ. ಆದರೆ ಪರಿಗಣಿತನಾಗುವ ಹಕ್ಕು ಬರಿಯ ಮಾತಾಗಬಾರದಾದರೆ, ಜ್ಯೇಷ್ಠತಾಪಟ್ಟಿ ಕಾಲಕಾಲಕ್ಕೆ ಪ್ರಕಟವಾಗಬೇಕು. ಆಕ್ಷೇಪಣೆಗಳಿಗೆ ಬಡ್ತಿಗೆ ಮುಂಚೆಯೇ ಉತ್ತರ ದೊರೆಯಬೇಕು. ಕೋರಿಕೆಗೆ ರುಜು ಹಾಕುವವನಿಗೆ ತಾನು ಬಿಡುವುದೇನು, ಉಳಿಸಿಕೊಳ್ಳುವುದೇನು ಎಂಬುದು ಬರಹದಲ್ಲಿ ಮೊದಲೇ ತಿಳಿಯಬೇಕು. ಇಷ್ಟು ನಡೆದರೆ ಯಲ್ಲಾಪುರದ ಪೇದೆ ಧಾರವಾಡದ ಉಚ್ಚ ನ್ಯಾಯಾಲಯ ಪೀಠದವರೆಗೆ ಅಲೆಯುವ ಪ್ರಸಂಗಗಳು ಎಷ್ಟೋ ಕಡಿಮೆಯಾದಾವು.