ಡೊಳ್ಳು ಎಂಬ ಗುಣವಾಚಕ

ನಾನು ಚಿಕ್ಕವನಿದ್ದಾಗ ನಮ್ಮ ಮನೆಯ ಹಸು ಮಳೆಗಾಲದ ಎಳೆ ಹುಲ್ಲನ್ನು ಮಿತಿಮೀರಿ ಮೇದು, ಹೊಟ್ಟೆಯುಬ್ಬರ ಬಂದು ಕೊಟ್ಟಿಗೆಯಲ್ಲಿ ಒದ್ದಾಡುತ್ತಿತ್ತು. ಪಕ್ಕದ ಮನೆಯ ಅಜ್ಜ ಬಂದರು. ಹಸುವಿನ ಎಡಪಕ್ಕೆಯಲ್ಲಿ, ಸೊಂಟದ ಮೂಳೆಗೆ ಮುಂದೆ, ಸಾಮಾನ್ಯವಾಗಿ ಒಂದು ಗುಳಿ ಇರುತ್ತದೆ. ಅಂದು ಆ ಗುಳಿ ಮುಚ್ಚಿಹೋಗಿ ಚರ್ಮ ಬಿಗಿದು ಮೇಲೆದ್ದಿತ್ತು. ಅಜ್ಜ ಅಲ್ಲಿ ಬೆರಳು ಮಡಚಿ ಎರಡು ಸಲ ಬಡಿದು, ಕಿವಿಗೊಟ್ಟು, "ಡೊಳ್ಳಾಗಿದೆ ಕಣೋ, ಬೇಗ ಡಾಕ್ಟರನ್ನ ಕರ್ಕೊಂಡು ಬಾ" ಅಂದರು.

ಹಸು ಉಳಿಯಿತು. ಆ ಮಾತೂ ನನ್ನೊಳಗೆ ಉಳಿಯಿತು. ಅಜ್ಜ ಹೇಳಿದ್ದು ಹೊಟ್ಟೆಯ ಆಕಾರವನ್ನೋ, ಅದು ಕೊಟ್ಟ ಸದ್ದನ್ನೋ? ಈಗ ಯೋಚಿಸಿದರೆ ಆ ಪ್ರಶ್ನೆಯೇ ಅವರ ಮುಂದೆ ಇರಲಿಲ್ಲ. ಕಣ್ಣು ಕಂಡದ್ದು, ಬೆರಳಿಗೆ ತಾಗಿದ್ದು, ಕಿವಿಗೆ ಕೇಳಿದ್ದು ಮೂರೂ ಒಂದೇ ಪದದಲ್ಲಿ ಬಂದಿದ್ದವು. ನಿಘಂಟುಗಳು ಡೊಳ್ಳು ಎಂಬುದಕ್ಕೆ ಒಂದು ಚರ್ಮವಾದ್ಯ ಎಂದೂ ದೊಡ್ಡ ಹೊಟ್ಟೆ ಎಂದೂ ಎರಡು ಅರ್ಥಗಳನ್ನು ಬೇರೆ ಬೇರೆಯಾಗಿ ಕೊಡುತ್ತವೆ. ಆಡುಮಾತಿನಲ್ಲಿ ಅವು ಬೇರೆಯಲ್ಲ. ಗಣಪನಿಗೆ ಡೊಳ್ಳು ಹೊಟ್ಟೆ ಎನ್ನುವ ಮಗು ವಾದ್ಯವನ್ನೂ ಹೊಟ್ಟೆಯನ್ನೂ ಒಟ್ಟಿಗೇ ನೋಡುತ್ತದೆ, ಬಹುಶಃ ಒಟ್ಟಿಗೇ ಬಡಿದೂ ನೋಡುತ್ತದೆ. ಗುಡಾಣದಂಥ ಹೊಟ್ಟೆ ಎಂದರೂ ಗಾತ್ರ ತಿಳಿಯುತ್ತದೆ, ಆದರೆ ಗುಡಾಣ ಮೂಲೆಯಲ್ಲಿ ಸುಮ್ಮನೆ ಕೂತಿರುತ್ತದೆ. ಡೊಳ್ಳು ಅನ್ನುತ್ತಿದ್ದಂತೆ ಅಂಗೈ ಬಿದ್ದ ಸದ್ದು ಬರುತ್ತದೆ.

ಶಾಲೆಯ ವ್ಯಾಕರಣ ಇದನ್ನು ಹೇಗೆ ಬಿಡಿಸುತ್ತದೆ ಎಂದು ನೋಡಿ. ಡೊಳ್ಳಿನಂತಿರುವ ಹೊಟ್ಟೆ, ಡೊಳ್ಳುಹೊಟ್ಟೆ, ಕರ್ಮಧಾರಯ ಸಮಾಸ. ವಿಗ್ರಹವಾಕ್ಯ ತಪ್ಪಲ್ಲ. ಆದರೆ 'ಅಂತಿರುವ' ಎಂಬ ಒಂದು ಮಾತು ಸೇರಿದ ಕೂಡಲೇ ಸದ್ದು ಸೋರಿಹೋಗಿ ಹೋಲಿಕೆಯೊಂದೇ ಉಳಿಯುತ್ತದೆ. ಸದ್ದಿಗೆ ನಮ್ಮ ವೈಯಾಕರಣರು ಬೇರೆಯೇ ಕೋಣೆ ಕಟ್ಟಿದ್ದಾರೆ. ಹದಿಮೂರನೆಯ ಶತಮಾನದ ಕೇಶಿರಾಜನ ಶಬ್ದಮಣಿದರ್ಪಣದ ಕಾಲದಿಂದಲೂ ಅನುಕರಣ ಪದಗಳು ಅವ್ಯಯಗಳ ಗುಂಪಿನಲ್ಲಿವೆ. ದಬದಬ, ಢಣಢಣ, ದೊಪ್ಪನೆ ಇವೆಲ್ಲ ಅಲ್ಲಿ. ಗುಣ ಹೇಳುವ ಪದಗಳು ಇಲ್ಲಿ, ಸಂಸ್ಕೃತದ ಮಾದರಿಯಂತೆ ನಾಮಪದಗಳ ಮಗ್ಗುಲಲ್ಲಿ. ಕನ್ನಡದಲ್ಲಿ ಗುಣಪದಗಳದ್ದು ನಾಮಪದದ ನೆರಳಲ್ಲ, ತನ್ನದೇ ವರ್ಗ ಎಂದು ಡಿ. ಎನ್. ಶಂಕರ ಭಟ್ಟರು ಗಟ್ಟಿಯಾಗಿ ವಾದಿಸಿದರು. 1994ರಲ್ಲಿ ಗುಣಪದಗಳನ್ನು ಕುರಿತೇ ಇಂಗ್ಲಿಷಿನಲ್ಲಿ ಒಂದು ಇಡೀ ಪುಸ್ತಕ ಬರೆದರು. ಅವರ ವಾದದ ಎಲ್ಲ ಎಳೆಗಳನ್ನೂ ನಾನು ಒಪ್ಪುವವನಲ್ಲ. ಆದರೂ ಕನ್ನಡದ ಪದ ಕನ್ನಡದಲ್ಲಿ ಏನು ಮಾಡುತ್ತಿದೆ ಎಂದು ಮೊದಲು ನೋಡಿ, ಹೆಸರು ಆಮೇಲೆ ಇಡಿ ಎಂಬ ಅವರ ಹಟಕ್ಕೆ ಡೊಳ್ಳು ಒಳ್ಳೆಯ ಸಾಕ್ಷಿ. ಈ ಪದ ಎರಡು ಕೋಣೆಗಳಲ್ಲೂ ಕಾಲಿಟ್ಟು ನಿಂತಿದೆ.

ಹಾಲುಮತದವರು ಬೀರಪ್ಪನ ಮುಂದೆ ಡೊಳ್ಳು ಬಾರಿಸುವಾಗ ನೆನೆಯುವ ಕತೆಯಲ್ಲಿ ಈ ಕೂಡುಬಾಳು ಇನ್ನೂ ನಿಚ್ಚಳ. ಡೊಳ್ಳಾಸುರ ಎಂಬ ರಕ್ಕಸ ಶಿವನನ್ನೇ ನುಂಗಿದ. ಶಿವ ಅವನ ಹೊಟ್ಟೆಯೊಳಗೆ ಬೆಳೆಯುತ್ತ ಹೋದ. ಹೊಟ್ಟೆ ಉಬ್ಬಿ ಬಿಗಿದು ತಾಳಲಾರದಾಯಿತು. ಅವನನ್ನು ಕೊಂದು ಹೊರಬಂದ ಶಿವ ಅದೇ ಚರ್ಮವನ್ನು ಬಿಗಿದು ವಾದ್ಯ ಮಾಡಿ ಕೊಟ್ಟ. ಕತೆ ಕಟ್ಟಿದವರಿಗೆ ಪದದ ಎರಡು ಅರ್ಥಗಳು ಎಲ್ಲಿ ಕೂಡುತ್ತವೆ ಎಂದು ಚೆನ್ನಾಗಿ ಗೊತ್ತಿತ್ತು. ಬಿಗಿದ ತೊಗಲು, ಒಳಗೆ ಒತ್ತುವ ಉಸಿರು. ಹಸುವಿನ ಎಡಪಕ್ಕೆಯಲ್ಲಿ ಇದ್ದದ್ದೂ ಅದೇ.

ಇನ್ನು ಶಾಸ್ತ್ರದ ಕಡೆಗೆ ಬರುತ್ತೇನೆ. ನನ್ನ ತಕರಾರು ಇರುವುದು ಅಲ್ಲಿ. ಆದರೆ ಶಾಸ್ತ್ರದ ಮೊದಲ ಹೆಜ್ಜೆಗೆ ಕೈಮುಗಿಯದೆ ತಕರಾರು ಎತ್ತುವಂತಿಲ್ಲ. ನಾಟ್ಯಶಾಸ್ತ್ರ ಚರ್ಮವಾದ್ಯಗಳ ಹುಟ್ಟನ್ನು ಹೇಳುವಾಗ ಸ್ವಾತಿ ಎಂಬ ಮುನಿಯನ್ನು ಕೊಳದ ದಂಡೆಗೆ ಕಳಿಸುತ್ತದೆ. ನೀರು ತರಲು ಹೋದ ದಿನ ಮಳೆ ಸುರಿಯುತ್ತದೆ. ತಾವರೆ ಎಲೆಗಳು ದೊಡ್ಡವು, ನಡುವಿನವು, ಚಿಕ್ಕವು. ಒಂದೊಂದರ ಮೇಲೆ ಬಿದ್ದ ಹನಿಗೆ ಒಂದೊಂದು ದನಿ. ಮುನಿ ಅದನ್ನು ಮನಸ್ಸಿನಲ್ಲಿಟ್ಟುಕೊಂಡು ಬಂದು ವಿಶ್ವಕರ್ಮನ ನೆರವಿನಿಂದ ವಾದ್ಯಗಳನ್ನು ಮಾಡಿಸುತ್ತಾನೆ. ಎಲೆಯ ಅಗಲವೇ ದನಿಯ ಗುಣ ಎಂಬ ತಿಳಿವಳಿಕೆ ಈ ಕತೆಯ ಹೊಕ್ಕುಳು. ಅದೇ ಗ್ರಂಥ ಮುಂದೆ ಮೂರು ಬಗೆಯ ವಾದ್ಯಗಳಿಗೆ ಮೂರು ಆಕಾರ ಹೇಳುತ್ತದೆ: ತೊಡೆಯ ಮೇಲಿಡುವುದು ಅಳಲೆಕಾಯಿಯಂತೆ, ನೆಟ್ಟಗೆ ನಿಲ್ಲಿಸುವುದು ಜವೆಗೋಧಿಯ ಕಾಳಿನಂತೆ, ತಬ್ಬಿ ಬಾರಿಸುವುದು ಹಸುವಿನ ಬಾಲದಂತೆ. ಅಂಗೈಯಲ್ಲಿ ಹಿಡಿದು ನೋಡಬಹುದಾದ ಹೋಲಿಕೆಗಳು. ವಾದ್ಯದ ಆಕಾರವನ್ನು ಹೇಳಲು ಲೋಕದ ಕಡೆಗೆ ತಿರುಗಿದ್ದು ಸರಿಯಾದ ದಾರಿ.

ಆಮೇಲೆ ದಾರಿ ತಿರುವುಮುರುವಾಯಿತು. ಉಳಿದದ್ದರ ಆಕಾರ ಹೇಳಲು ವಾದ್ಯವನ್ನೇ ಅಳತೆಗೋಲಾಗಿ ಬಳಸುವ ರೂಢಿ ಬೆಳೆಯಿತು. ಚಿತ್ರಕಾವ್ಯದಲ್ಲಿ ಮುರಜಬಂಧ ಎಂಬುದಿದೆ. ಮುರಜ ಎಂದರೆ ಮದ್ದಳೆ. ಪದ್ಯದ ನಾಲ್ಕು ಪಾದಗಳನ್ನು ಒಂದರ ಕೆಳಗೊಂದು ಬರೆದು, ಅಕ್ಷರಗಳನ್ನು ಓರೆಯಾಗಿ ಏರುತ್ತ ಇಳಿಯುತ್ತ ಓದಿದರೂ ಅದೇ ಪಾದ ಸಿಗಬೇಕು. ಓದುವ ಗೆರೆಗಳನ್ನು ಎಳೆದರೆ ಮದ್ದಳೆಯ ಮೈಮೇಲೆ ಹೆಣೆದ ಬಾರಿನಂತೆ ಕಾಣುತ್ತದೆ. ಮಾಘನ ಶಿಶುಪಾಲವಧದ ಹತ್ತೊಂಬತ್ತನೆಯ ಸರ್ಗದಲ್ಲಿ ಇದಕ್ಕೆ ಹೆಸರಾಂತ ಉದಾಹರಣೆ ಇದೆ. ಜೈನ ಆಚಾರ್ಯ ಸಮಂತಭದ್ರರ ಸ್ತುತಿವಿದ್ಯೆಯಲ್ಲೂ ಮುರಜಬಂಧಗಳಿವೆ. ಅಕ್ಷರಗಳನ್ನು ಹಾಗೆ ಹೆಣೆಯುವುದು ಎಷ್ಟು ಕಷ್ಟದ ಕೆಲಸ ಎಂಬುದು ಒಂದು ಸಾಲು ಪ್ರಯತ್ನಿಸಿದವರಿಗೆ ಗೊತ್ತು. ಆದರೂ ಕೇಳಲೇಬೇಕು: ಇಲ್ಲಿ ಮದ್ದಳೆಯಿಂದ ಏನು ಬಂತು? ಬಾರು ಬಂತು, ತೊಗಲು ಬರಲಿಲ್ಲ. ಬಾರು ಇರುವುದೇ ತೊಗಲನ್ನು ಬಿಗಿಯಲು, ತೊಗಲು ಬಿಗಿಯುವುದೇ ದನಿಗಾಗಿ. ಮುರಜಬಂಧದಲ್ಲಿ ಆ ಬಿಗಿತ ಕಣ್ಣಿನ ಚಿತ್ರವಾಗಿ ನಿಂತುಬಿಟ್ಟಿತು.

ಕಾವ್ಯಕ್ಕೆ ಇದೊಂದು ಹೊರಗಿನ ಆಟ ಎಂದು ಬಿಟ್ಟುಬಿಡಬಹುದು. ಸಂಗೀತದಲ್ಲೇ ಹೀಗಾದರೆ? ತಾಳದ ದಶಪ್ರಾಣಗಳಲ್ಲಿ ಯತಿ ಒಂದು. ಹಳೆಯ ಗ್ರಂಥಗಳಲ್ಲಿ, ಶಾರ್ಙ್ಗದೇವನ ಸಂಗೀತರತ್ನಾಕರದವರೆಗೂ, ಯತಿ ಮೂರೇ: ಒಂದೇ ನಡೆಯ ಸಮಾ, ಹೊಳೆಯಂತೆ ಹಿಗ್ಗುವ ಸ್ರೋತೋಗತಾ, ಹಸುವಿನ ಬಾಲದಂತೆ ಕಿರಿದಾಗುವ ಗೋಪುಚ್ಛಾ. ಹೊಳೆ ಹರಿಯುತ್ತದೆ, ಬಾಲ ಬೀಸುತ್ತದೆ. ಎರಡರಲ್ಲೂ ಚಲನೆ ಇದೆ, ಹಾಗಾಗಿ ಕಾಲದಲ್ಲಿ ನಡೆಯುವ ಲಯಕ್ಕೆ ಅವು ಹೊಂದುತ್ತವೆ. ದೀಕ್ಷಿತರು ಆನಂದಭೈರವಿಯ 'ತ್ಯಾಗರಾಜ ಯೋಗ ವೈಭವಂ' ಕೃತಿಯಲ್ಲಿ ಸಾಹಿತ್ಯದ ಅಕ್ಷರಗಳನ್ನು ಮುಂದಿನಿಂದ ಒಂದಿಷ್ಟೊಂದಿಷ್ಟೇ ಕಳಚುತ್ತ ಹೋಗಿ ಗೋಪುಚ್ಛವನ್ನು ಹಾಡಿನ ಮೈಯಲ್ಲೇ ತೋರಿಸಿದರು. ಪುಸ್ತಕ ನೋಡದೆ ಕೇಳುವವರಿಗೂ ಅದು ತಟ್ಟುತ್ತದೆ.

ಮೃದಂಗಯತಿ, ಡಮರುಯತಿ ಎಂಬವು ಆಮೇಲೆ ಸೇರಿದ ಹೆಸರುಗಳು. ಇಂದು ಲಯದ ಪಾಠ ಕಲಿಯುವ ಮಕ್ಕಳ ನೋಟ್‌ಬುಕ್ಕಿನಲ್ಲಿ ಇವು ಹೀಗಿರುತ್ತವೆ: ಮೊದಲ ಸಾಲು ತಕಿಟ, ಮೂರು ಅಕ್ಷರ. ಅದರ ಕೆಳಗೆ ತಕತಕಿಟ, ಐದು. ಅದರ ಕೆಳಗೆ ತಕಿಟತಕಧಿಮಿ, ಏಳು. ಮತ್ತೆ ಐದು, ಮತ್ತೆ ಮೂರು. ಸಾಲುಗಳನ್ನು ಹಾಳೆಯ ನಡುವಿಗೆ ಹೊಂದಿಸಿ ಬರೆದರೆ ನಡು ಉಬ್ಬಿದ ಮೃದಂಗ. ಏಳು, ಐದು, ಮೂರು, ಐದು, ಏಳು ಎಂದು ಬರೆದರೆ ನಡು ಸಣ್ಣಗಾದ ಡಮರುಗ. ಮೊದಲನೆಯದು 23 ಅಕ್ಷರ. ಆದಿತಾಳದ ನಾಲ್ಕರ ನಡೆಯ ಒಂದು ಆವರ್ತ 32. ಉಳಿದ 9ಕ್ಕೆ ಒಂದು ತಕಧಿಮಿ, ಒಂದು ತದಿಗಿಣತೊಂ ಸೇರಿಸಿದರೆ ಸಮಕ್ಕೆ ಬಂದು ನಿಲ್ಲುತ್ತದೆ. ಲೆಕ್ಕ ಕೂಡಿತು, ಚಿತ್ರವೂ ಕೂಡಿತು.

ಕಿವಿಗೆ ಏನಾಯಿತು? ಒಮ್ಮೆ ಕಣ್ಣು ಮುಚ್ಚಿ ಕೇಳಿ. ಡಮರುಯತಿ ಶುರುವಾದಾಗ ಅದು ಡಮರು ಎಂದು ಯಾರಿಗೂ ಗೊತ್ತಾಗುವುದಿಲ್ಲ. ಏಳು, ಐದು, ಮೂರು ಎಂದು ಇಳಿಯುವಾಗ ಅದು ಗೋಪುಚ್ಛವೇ. ಸೊಂಟ ದಾಟಿ ಮತ್ತೆ ಐದು ಬಂದಾಗ ಕೇಳುಗ ಹಿಂದಿನದನ್ನೆಲ್ಲ ನೆನೆದು ಹೊಸದಾಗಿ ಕೂಡಿಸಬೇಕು. ಕಣ್ಣು ಇಡೀ ಡಮರುಗವನ್ನು ಒಂದೇ ಏಟಿಗೆ ನೋಡುತ್ತದೆ, ಕಿವಿ ಅದನ್ನು ನೆನಪಿನಲ್ಲಿ ಕಟ್ಟಿಕೊಳ್ಳುತ್ತದೆ. ಒಳ್ಳೆಯ ವಾದಕರು ಆ ಮೂರಕ್ಷರದ ಸೊಂಟದಲ್ಲಿ ಒಂದು ಕ್ಷಣ ಒತ್ತು ಕೊಟ್ಟು, ಕೇಳುಗನ ಕೈಯನ್ನು ಅಲ್ಲಿ ಇರಿಸುತ್ತಾರೆ, ಡಮರುಗವನ್ನು ಹಿಡಿಯುವುದೂ ಅಲ್ಲೇ ತಾನೆ. ಬರಿಯ ಲೆಕ್ಕ ಒಪ್ಪಿಸುವವರ ಕೈಯಲ್ಲಿ ಅದು ಕೂಡಿಸಿ ಕಳೆದ ಮೊತ್ತವಾಗಿ ಕೇಳುತ್ತದೆ. ನಮ್ಮ ಲಯದ ಪಾಠಗಳು ಈ ವ್ಯತ್ಯಾಸವನ್ನು ಸಾಕಷ್ಟು ಹೇಳಿಕೊಡುತ್ತಿಲ್ಲ ಎಂಬುದು ನನ್ನ ನಿಜವಾದ ಕೊರಗು.

ಇನ್ನೊಂದು ಮಾತು. ನೋಟ್‌ಬುಕ್ಕಿನ ಮೃದಂಗಕ್ಕೆ ಎರಡು ಕಡೆಯೂ ಸಮ. ನಿಜವಾದ ಮೃದಂಗವನ್ನು ತೊಡೆಯ ಮೇಲಿಟ್ಟುಕೊಂಡವರಿಗೆ ಗೊತ್ತು, ಅದರ ಎಡಬಾಯಿ ಬಲಬಾಯಿಗಿಂತ ಅಗಲ, ಉಬ್ಬೂ ನಟ್ಟನಡುವೆ ಇಲ್ಲ, ಎಡಕ್ಕೆ ಸರಿದಿದೆ. ಬಲಕ್ಕೆ ಕರಣೆಯ ಕಪ್ಪು ಬೊಟ್ಟು, ಎಡಕ್ಕೆ ಕಚೇರಿಗೆ ಮುಂಚೆ ಮೆತ್ತುವ ರವೆಯ ಹಸಿ ಉಂಡೆ. ಒಂದು ಶ್ರುತಿಗೆ, ಇನ್ನೊಂದು ಗುಮುಕಿಗೆ. ಸಮನಾಗಿ ಬಿಗಿದ ಬರಿಯ ತೊಗಲಿನ ದನಿಯಲ್ಲಿ ಮೇಲಿನ ಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ, ಕರಣೆಯ ಭಾರವೇ ಅವನ್ನು ಸರಿಯಾದ ಅನುಪಾತಕ್ಕೆ ತರುತ್ತದೆ ಎಂದು ಸಿ. ವಿ. ರಾಮನ್ 1920ರಲ್ಲೇ ತೋರಿಸಿದರು. ಬೆಂಗಳೂರಿಗೆ ಬಂದ ಮೇಲೆ ಮತ್ತೆ ವಿಸ್ತಾರವಾಗಿ ಬರೆದರು. ಮೃದಂಗದ ಆಕಾರ ಎಂದರೆ ಅದರ ಹೊರಗೆರೆಯಷ್ಟೇ ಅಲ್ಲ. ಎಲ್ಲಿ ದಪ್ಪ, ಎಲ್ಲಿ ತೆಳು, ಎಲ್ಲಿ ಭಾರ ಎಂಬ ಹಂಚಿಕೆ. ಹಾಗಿದ್ದ ಮೇಲೆ ನಾಲ್ಕು, ಆರು, ಏಳು, ಐದು, ಮೂರು ಎಂದು ಓರೆಯಾಗಿ ಉಬ್ಬುವ ಯತಿಗೆ ಮೃದಂಗ ಎಂಬ ಹೆಸರು ಹೆಚ್ಚು ಸಲ್ಲಬೇಕಲ್ಲವೇ? ಯಾರಾದರೂ ನುಡಿಸಿ ತೋರಿಸಿದರೆ ಕೇಳಲು ನಾನು ಮೊದಲ ಸಾಲಿನಲ್ಲಿ ಕೂರುತ್ತೇನೆ.

ಪಾರಿಭಾಷಿಕ ಪದಗಳನ್ನು ಕಟ್ಟುವವರಲ್ಲೂ ಇದೇ ಎರಡು ದಾರಿಗಳಿವೆ. ಯಾವುದಕ್ಕೂ 'ಆಕಾರ' ಎಂಬ ಬಾಲ ಅಂಟಿಸುವುದು ಒಂದು. ಡಮರುಗಾಕಾರದ ಗಾಜು, ಮೃದಂಗಾಕಾರದ ಕಂಬ. ಇದರಿಂದ ಕೆಲಸ ನಡೆಯುತ್ತದೆ, ಅಷ್ಟೇ. ಇನ್ನೊಂದು ದಾರಿಗೆ ನಾನು ಕಂಡ ಅತ್ಯುತ್ತಮ ಮಾದರಿ ಕಿವಿತಮಟೆ. ಕರ್ಣಪಟಲ ಎಂಬ ಪದವೂ ಪಠ್ಯಪುಸ್ತಕಗಳಲ್ಲಿದೆ, ಅದರಲ್ಲಿ ಪರದೆ ಮಾತ್ರ ಇದೆ. ತಮಟೆ ಎಂದರೆ ಬಳೆಯಂಥ ಕಟ್ಟಿಗೆ ಒಂದೇ ಕಡೆ ಬಿಗಿದ ತೊಗಲು, ಹಿಂದೆ ತೆರಪು. ಕಿವಿಯೊಳಗೆ ಇರುವುದೂ ಹಾಗೆಯೇ: ಸುತ್ತ ಮೂಳೆಯ ಕಟ್ಟು, ಅದಕ್ಕೆ ಬಿಗಿದ ತೆಳು ಪೊರೆ, ಹಿಂದೆ ಗಾಳಿ ತುಂಬಿದ ಪೊಳ್ಳು. ಅದು ಸದ್ದಿಗೆ ಅದುರುತ್ತದೆ. ಆಕಾರ, ಕೆಲಸ, ದನಿ ಮೂರನ್ನೂ ಹೊತ್ತ ಪದ. ಯುರೋಪಿನ ವೈದ್ಯರು ತಮ್ಮ ಪದಕ್ಕೆ ಆರಿಸಿಕೊಂಡದ್ದೂ ಗ್ರೀಕರು ಕೈಯಲ್ಲಿ ಹಿಡಿದು ಬಾರಿಸುತ್ತಿದ್ದ, ತಮಟೆಯನ್ನೇ ಹೋಲುವ ಟಿಂಪನಾನ್ ವಾದ್ಯವನ್ನು. ಉಬ್ಬಿದ ಹೊಟ್ಟೆಯನ್ನು ತಟ್ಟಿದಾಗ ಬರುವ ಸದ್ದಿಗೂ ಅವರು ಅದೇ ವಾದ್ಯದ ಹೆಸರಿನಿಂದ ಗುಣವಾಚಕ ಮಾಡಿಕೊಂಡರು. ಎದೆಯನ್ನು ಬೆರಳಿನಿಂದ ತಟ್ಟಿ ರೋಗ ಗುರುತಿಸುವ ಕ್ರಮವನ್ನು 1761ರಲ್ಲಿ ಪುಸ್ತಕವಾಗಿ ಬರೆದ ಆಸ್ಟ್ರಿಯಾದ ಔಯೆನ್‌ಬ್ರುಗರ್ ಹೋಟೆಲಿನವರ ಮಗ. ಪೀಪಾಯಿಯ ಮೈ ತಟ್ಟಿ ಮದ್ಯ ಎಷ್ಟಿದೆ ಎಂದು ತಿಳಿಯುವುದು ಆ ಕಸುಬಿನವರ ರೂಢಿ. ನಮ್ಮ ಕೊಟ್ಟಿಗೆಯಲ್ಲಿ ಅಜ್ಜ ಮಾಡಿದ್ದಕ್ಕೂ ಇದಕ್ಕೂ ಬಹಳ ದೂರವಿಲ್ಲ.

ಸಾಹಿತ್ಯ ವಿಮರ್ಶೆಯ ಬಗ್ಗೆ ಒಂದು ಗಂಭೀರವಾದ ಮಾತು ಹೇಳಬೇಕು. 1975ರಲ್ಲಿ ಸಿದ್ಧಲಿಂಗಯ್ಯನವರ 'ಹೊಲೆಮಾದಿಗರ ಹಾಡು' ಬಂದಾಗಿನಿಂದ ಆ ಬಗೆಯ ಕಾವ್ಯಕ್ಕೆ ತಮಟೆಯ ದನಿ, ತಮಟೆಯ ಲಯ ಎಂಬ ವಿಶೇಷಣಗಳನ್ನು ಧಾರಾಳವಾಗಿ ಬಳಸುತ್ತ ಬಂದಿದ್ದೇವೆ. ಮೆಚ್ಚುವವರೂ ಬಳಸಿದರು, ಮೆಚ್ಚದವರೂ. ಎರಡು ಕಡೆಯವರಿಗೂ ಆ ಪದದ ಅರ್ಥ ಬಹುತೇಕ ಒಂದೇ ಆಗಿತ್ತು: ಜೋರು. ಪ್ರಚಾರ ಮಾಡುವವರನ್ನು ತಮಟೆ ಬಾರಿಸುತ್ತಾನೆ ಎಂದು ಹಳಿಯುವ ನುಡಿಗಟ್ಟಿನಲ್ಲೂ ಇದೇ ಕಿವುಡು ಇದೆ, ಅದರ ಬುಡದಲ್ಲಿ ಜಾತಿಯ ತಾತ್ಸಾರವೂ ಇದೆ. ಒಂದು ಪದ್ಯದ ಲಯವನ್ನು ಮೃದಂಗಕ್ಕೆ ಹೋಲಿಸಿದಾಗ ನಾಜೂಕು, ತಮಟೆಗೆ ಹೋಲಿಸಿದಾಗ ಅಬ್ಬರ ಎಂದು ತಿಳಿಯುವುದು ಎರಡು ವಾದ್ಯಗಳನ್ನೂ ಕೇಳದವರ ತೀರ್ಪು. ತಮಟೆಗೆ ಎರಡು ಕೋಲು. ಬಲಗೈಯದು ದಪ್ಪ, ಎಡಗೈಯದು ಸಪೂರ. ತೊಗಲಿನ ನಡುವಿಗೆ ಬಿದ್ದ ಏಟೇ ಬೇರೆ, ಅಂಚಿಗೆ ಬಿದ್ದದ್ದೇ ಬೇರೆ. ದೇವರ ಮೆರವಣಿಗೆಗೆ ಒಂದು ಗತ್ತು, ಸಾವಿನ ಮನೆಗೆ ಇನ್ನೊಂದು. 2023ರಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆಯ ತಮಟೆ ಕಲಾವಿದ ಮುನಿವೆಂಕಟಪ್ಪನವರಿಗೆ ಪದ್ಮಶ್ರೀ ಬಂತು. ಗೌರವ ವಾದ್ಯಕ್ಕೆ ಸಂದಿತು. ಅದರ ಹೆಸರಿನಿಂದ ಹುಟ್ಟಿದ ವಿಶೇಷಣಕ್ಕೆ ನಮ್ಮ ವಿಮರ್ಶೆಯಲ್ಲಿ ಇನ್ನೂ ಸಂದಿಲ್ಲ.

ಜಾತ್ರೆಯೊಂದರ ಸಂಜೆ ದೇವಸ್ಥಾನದ ಹಿಂಭಾಗದಲ್ಲಿ ನಾನು ನಿಂತು ನೋಡಿದ್ದನ್ನು ಹೇಳುತ್ತೇನೆ. ಹೊತ್ತು ಮುಳುಗಿ ಥಂಡಿ ಏರಿತ್ತು. ನಾಲ್ಕು ಜನ ಒಣಹುಲ್ಲಿಗೆ ಬೆಂಕಿ ಹಚ್ಚಿ ಸುತ್ತ ಕೂತಿದ್ದರು. ಹಿರಿಯರೊಬ್ಬರು ತಮಟೆಯನ್ನು ಉರಿಗೆ ಓರೆಯಾಗಿ ಹಿಡಿದು, ಸುಡದಂತೆ ತಿರುಗಿಸುತ್ತ, ನಡುನಡುವೆ ಹಿಂದಕ್ಕೆ ಎಳೆದುಕೊಂಡು ಬೆರಳಿನಿಂದ ಬಡಿದು ನೋಡುತ್ತಿದ್ದರು. "ಇನ್ನೂ ಮೆತ್ತಗೈತೆ" ಅಂದರು. ತೊಗಲು ಮೆತ್ತಗೋ, ದನಿ ಮೆತ್ತಗೋ, ಅವರು ಬಿಡಿಸಿ ಹೇಳಲಿಲ್ಲ, ಸುತ್ತ ಇದ್ದವರು ಕೇಳಲೂ ಇಲ್ಲ. ಮತ್ತೊಂದು ಹಿಡಿ ಹುಲ್ಲು ಬೆಂಕಿಗೆ ಬಿತ್ತು. ಮತ್ತೆ ತಿರುಗಿಸಿದರು. ಈ ಸಲ ಬೆರಳು ಬಿದ್ದಾಗ ಸದ್ದು ಗುಡಿಯ ಗೋಡೆಗೆ ತಾಗಿ ವಾಪಸು ಬಂತು.

"ಹಾಂ, ಈಗ ಗಟ್ಟಿಯಾತು, ಏಳ್ರೋ" ಅಂದು ಅವರು ತಮಟೆಯನ್ನು ಹೆಗಲಿಗೆ ಹಾಕಿಕೊಂಡರು.